ಮದಲೇನಳ ಗದ್ದದ ಕೆಳಗೆ

ನಾನು ಒಂದು ಪಿಟೀಲು. ಹುಟ್ಟಿದ್ದು ಜರ್ಮನಿಯ ಗುಡ್ಡಗಾಡಿನ ಒಂದು ಹಳ್ಳಿಯಲ್ಲಿ. ನನ್ನ ಎದೆಯ ಹಲಗೆ ಕೆತ್ತಿದವನು ಒಬ್ಬ ಮುದುಕ, ಕುತ್ತಿಗೆ ಕೂರಿಸಿದವನು ಅವನ ಮಗ, ವಾರ್ನಿಷು ಬಳಿದವಳು ಸೊಸೆ. ಆಮೇಲೆ ಹುಲ್ಲು ತುಂಬಿದ ಪೆಟ್ಟಿಗೆ, ಹಡಗು, ರೈಲು. ಪೆಟ್ಟಿಗೆ ತೆರೆದಾಗ ಮೈಸೂರಿನ ದೊಡ್ಡ ಗಡಿಯಾರದ ಹತ್ತಿರದ ಅಂಗಡಿಯೊಂದರಲ್ಲಿದ್ದೆ. ಒಂದು ಪಕ್ಕ ಹಾರ್ಮೋನಿಯಂ, ಇನ್ನೊಂದು ಪಕ್ಕ ತಂಬೂರಿ. ಇಬ್ಬರೂ ನನ್ನನ್ನು ಹೊಸ ನೆಂಟನ ಹಾಗೆ ಓರೆಗಣ್ಣಿನಿಂದ ನೋಡುತ್ತಿದ್ದರು.

ನನ್ನನ್ನು ಕೊಂಡವರು ಇನ್ನಾಸಪ್ಪ. ಅರಮನೆಯ ಬ್ಯಾಂಡಿನಲ್ಲಿ ಕ್ಲಾರಿನೆಟ್ ನುಡಿಸುತ್ತಿದ್ದರು. ನಾನು ಬೇಕಾಗಿದ್ದದ್ದು ಅವರಿಗಲ್ಲ, ಅವರ ಮಗಳು ಮದಲೇನಳಿಗೆ. ಎರಡು ಜಡೆಯ ಆ ಹುಡುಗಿ ನನ್ನನ್ನು ಗದ್ದದ ಕೆಳಗೆ ಇಟ್ಟುಕೊಂಡು ಕಮಾನು ಎಳೆದಾಗ ನನ್ನಿಂದ ಹೊರಟ ಸದ್ದಿಗೆ ನಾನೇ ಬೆಚ್ಚಿದೆ. ಪಕ್ಕದ ಮನೆಯ ಪುಟ್ಟತಾಯಮ್ಮ ಗೋಡೆಯಾಚೆಯಿಂದ ಕೂಗಿದರು:

“ಇನ್ನಾಸಪ್ಪನೋರೇ, ಬೆಕ್ಕೇನಾದ್ರೂ ಬಾವಿಗೆ ಬಿತ್ತಾ?”

“ಇಲ್ಲ ಕಣಮ್ಮ, ನಮ್ಮ ಹುಡುಗಿ ಪಿಟೀಲು ಕಲೀತಾ ಇದಾಳೆ!”

ಮಳೆಗಾಲ ಮುಗಿಯುವ ಹೊತ್ತಿಗೆ ಬೆಕ್ಕು ಬಾವಿಯಿಂದ ಮೇಲೆ ಬಂದಿತ್ತು. ನಾಕು ವರ್ಷದಲ್ಲಿ ಅದೇ ಪುಟ್ಟತಾಯಮ್ಮ ಸಂಜೆ ಅಕ್ಕಿ ಆರಿಸುವ ಮೊರವನ್ನು ನಮ್ಮ ಗೋಡೆಯ ಬುಡಕ್ಕೇ ತಂದಿಟ್ಟುಕೊಂಡು ಕೂರತೊಡಗಿದರು.

ಮದಲೇನ ದೊಡ್ಡವಳಾದಳು. ಹೆಣ್ಣುಮಕ್ಕಳ ಶಾಲೆಯಲ್ಲಿ ಸಂಗೀತದ ಟೀಚರ್ ಆದಳು. ಚರ್ಚಿನ ಪೂಜೆ, ಮದುವೆ, ಆಕಾಶವಾಣಿ, ಎಲ್ಲಿಗೆ ಹೋದರೂ ಜೊತೆಗೆ ನಾನು. ಅಷ್ಟರಲ್ಲಿ ಅರಮನೆಯಲ್ಲಿ ವಾದ್ಯಗಳ ಸಡಗರ ಕಡಿಮೆಯಾಗುತ್ತ ಬಂದು, ವಾದಕರು ಒಬ್ಬೊಬ್ಬರಾಗಿ ಮನೆ ಸೇರಿದ್ದರು. ಇನ್ನಾಸಪ್ಪ ತೀರಿಕೊಂಡಾಗ ಆ ಹಳೆಯ ಗೆಳೆಯರೆಲ್ಲ ಬಂದರು. ಪಿಟೀಲಿನ ದೊಡ್ಡಣ್ಣನಂಥ ಚೆಲ್ಲೊ ನುಡಿಸುತ್ತಿದ್ದ ಶ್ರೀಕಂಠಯ್ಯ ಜಗಲಿಯಲ್ಲಿ ಕೂತು, “ಎಲ್ಲ ಸೇರಿ ನುಡಿಸಿ ಎಷ್ಟು ಕಾಲ ಆಯ್ತೋ!” ಎಂದರು.

“ಹಾಗಾದ್ರೆ ಭಾನುವಾರ ಬನ್ನಿ ಮಾವ. ನಮ್ಮ ಶಾಲೆ ಹಾಲ್ ಖಾಲಿ ಇರುತ್ತೆ,” ಎಂದಳು ಮದಲೇನ.

ಬಂದರು. ಅವಳ ಶಿಷ್ಯೆಯರೂ ಬಂದರು. ಮುದುಕರು ಒಂದು ಕಡೆಗೆ, ಹುಡುಗಿಯರು ಇನ್ನೊಂದು ಕಡೆಗೆ ಎಳೆದು ಸಂಗೀತ ಹರಿದೇ ಹೋಯಿತು. ಮುಂದೆ ನಿಂತು ಎಲ್ಲರನ್ನೂ ನಡೆಸುವ ಒಬ್ಬ ಕಂಡಕ್ಟರ್ ಬೇಕಾಗಿತ್ತು. ಮದಲೇನ ನನ್ನನ್ನು ಪೆಟ್ಟಿಗೆಯಲ್ಲಿಟ್ಟು ಒಂದು ತೆಳ್ಳನೆಯ ಬಿಳಿ ಕಡ್ಡಿ ಹಿಡಿದಳು.

ಶ್ರೀಕಂಠಯ್ಯನವರ ಹುಬ್ಬು ಗಂಟಾಯಿತು. “ನಾನು ಎತ್ತಿ ಆಡಿಸಿದ ಹುಡುಗಿ ನನಗೆ ಕೋಲು ತೋರಿಸ್ತಾಳಾ? ಆಗಲಿ, ಒಂದು ಕಚೇರಿ ನೋಡ್ತೀನಿ. ಸರಿ ಬರಲಿಲ್ಲಾಂದ್ರೆ ನಾನೂ ಇಲ್ಲ, ನನ್ನವರೂ ಇಲ್ಲ.”

ಕೇರಿಯಲ್ಲಿ ಸುದ್ದಿ ಬೇರೆಯೇ ಥರ ಹಬ್ಬಿತು. “ಮದಲೇನ ಕಂಡಕ್ಟರ್ ಆದಳಂತೆ!” ಎಂದು ಕೇಳಿದ ಪುಟ್ಟತಾಯಮ್ಮ ಓಡಿಬಂದು, “ಯಾವ ರೂಟಮ್ಮ? ನಂಜನಗೂಡಿನದಾದ್ರೆ ನನಗೊಂದು ಸೀಟು ಹಿಡಿದಿರು” ಎಂದರು. ಮದಲೇನ ನಕ್ಕು ನಕ್ಕು ನೆಲಕ್ಕೇ ಕೂತಳು. ನನಗೆ ನಗು ಬರಲಿಲ್ಲ. ಸದ್ದೇ ಮಾಡದ ಒಂದು ಕಡ್ಡಿ ನನ್ನ ಜಾಗ ತೆಗೆದುಕೊಂಡಿತ್ತಲ್ಲ!

ಕಚೇರಿ ಟೌನ್ ಹಾಲಿನಲ್ಲಿ. ಮುಖ್ಯ ಪಿಟೀಲು ನುಡಿಸಲು ಬೆಂಗಳೂರಿನಿಂದ ಒಬ್ಬರು ಬರಬೇಕಿತ್ತು. ಜನ ತುಂಬಿದರು, ಅವರು ಬರಲಿಲ್ಲ. ಮದ್ದೂರಿನ ಹತ್ತಿರ ಕಾರು ಕೆಟ್ಟು ನಿಂತಿದೆ ಎಂದು ಫೋನು ಬಂತು. ಪರದೆಯ ಹಿಂದೆ ಹುಡುಗಿಯರ ಮುಖ ಸಪ್ಪಗಾಯಿತು. ಶ್ರೀಕಂಠಯ್ಯ ಚೆಲ್ಲೊಗೆ ಗವಸು ಹಾಕಲು ಎದ್ದರು.

“ಕೂತ್ಕೊಳ್ಳಿ ಮಾವ,” ಎಂದಳು ಮದಲೇನ. “ಆ ಭಾಗ ನಾನೇ ನುಡಿಸ್ತೀನಿ.”

“ಮತ್ತೆ ನಮ್ಮನ್ನ ನಡೆಸೋರು ಯಾರು?”

“ಅದೂ ನಾನೇ. ನನ್ನ ಕಮಾನು ನೋಡ್ತಾ ಇರಿ, ಸಾಕು.”

ಯಾರ ಪಿಟೀಲಾದರೂ ಕೈಕೊಟ್ಟರೆ ಇರಲಿ ಎಂದು ನನ್ನನ್ನೂ ತಂದಿದ್ದಳು. ಪೆಟ್ಟಿಗೆಯ ಮುಚ್ಚಳ ತೆರೆಯಿತು. ಅವಳ ಗದ್ದ ನನ್ನ ಮೇಲೆ ಕೂತಿತು. ಕಮಾನು ಗಾಳಿಯಲ್ಲಿ ಒಮ್ಮೆ ಎದ್ದು ಇಳಿಯಿತು, ಅಷ್ಟೂ ಜನ ಒಟ್ಟಿಗೆ ಉಸಿರೆಳೆದರು. ನುಡಿಸುತ್ತ ಅವಳು ತಲೆಯಾಡಿಸಿದರೆ ಕೊಳಲುಗಳು ಬಂದವು, ಹುಬ್ಬೇರಿಸಿದರೆ ತುತ್ತೂರಿ. ನಡುವೆ ಹುಡುಗಿಯರು ಗಾಬರಿಯಿಂದ ತಾಳ ಮೀರಿ ಓಡತೊಡಗಿದರು. ಆಗ ಮದಲೇನ ಶ್ರೀಕಂಠಯ್ಯನವರ ಕಡೆ ತಿರುಗಿ ನನ್ನ ದಪ್ಪ ತಂತಿಯ ಮೇಲೆ ನಿಧಾನವಾಗಿ, ಗಟ್ಟಿಯಾಗಿ ಎಳೆದಳು. ಅವರಿಗೆ ತಿಳಿಯಿತು. ಚೆಲ್ಲೊ ಅದೇ ನಡೆಯನ್ನು ಹಿಡಿದು ನಿಂತಿತು. ಹುಡುಗಿಯರು ಒಬ್ಬೊಬ್ಬರಾಗಿ ಹಿಂದಕ್ಕೆ ಬಂದು ಸೇರಿಕೊಂಡರು. ಇಷ್ಟು ದಿನ ಪೆಟ್ಟಿಗೆಯಲ್ಲಿ ಮುನಿಸಿಕೊಂಡಿದ್ದ ನಾನು ಎಲ್ಲ ಮರೆತು ಎದೆ ಬಿಚ್ಚಿ ಹಾಡಿದೆ.

ಮುಗಿದಾಗ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಶ್ರೀಕಂಠಯ್ಯ ಚೆಲ್ಲೊ ಮಲಗಿಸಿ ಎದ್ದು ಬಂದು, ಎಲ್ಲರೆದುರಿಗೆ ಕೈಮುಗಿದರು. “ಮುಂದಿನ ಭಾನುವಾರ ಎಷ್ಟು ಹೊತ್ತಿಗೆ ಬರಬೇಕು, ಹೇಳಿ ಮೇಡಂ.”

“ಮೇಡಂ ಅಂದ್ರೆ ಕಾಫಿ ಕೊಡಲ್ಲ ಮಾವ!” ಎಂದಳು ಅವಳು, ಕಣ್ಣೊರೆಸಿಕೊಳ್ಳುತ್ತ.

ಆ ವೃಂದದ ಜೊತೆ ಊರೂರು ಸುತ್ತಿದೆವು. ಮಂಗಳೂರಿನ ಸೆಕೆಗೆ ನನ್ನ ಅಂಟು ಬಿಟ್ಟಿತು, ಧಾರವಾಡದ ಜನ “ಮತ್ತೊಮ್ಮೆ ನುಡಿಸಿ!” ಎಂದು ಎಬ್ಬಿಸಿದ ಗಲಾಟೆಗೆ ಅದೂ ಮರೆತುಹೋಯಿತು. ಹುಡುಗಿಯರಿಗೆ ಮೊಮ್ಮಕ್ಕಳಾದರು.

ಈಗ ಮದಲೇನಮ್ಮನಿಗೂ ನನಗೂ ವಯಸ್ಸಾಗಿದೆ. ಅವಳಿಗೆ ಭುಜದ ನೋವು, ನನ್ನ ಬೆನ್ನಿಗೆ ಒಂದು ಬಿರುಕು. ವೃಂದವನ್ನು ಅವಳ ಶಿಷ್ಯೆ ನಡೆಸುತ್ತಾಳೆ. ಬೆಳಗಿನ ಬಿಸಿಲಲ್ಲಿ ಮದಲೇನಮ್ಮ ನನ್ನನ್ನು ಮಗುವಿನಂತೆ ತೊಡೆಯ ಮೇಲೆ ಹಾಕಿಕೊಂಡು ಬೆರಳಲ್ಲಿ ಮೀಟುತ್ತಾಳೆ. ಅಷ್ಟು ಸಾಕು ನನಗೆ. ಸಾವಿರ ಜನರ ಚಪ್ಪಾಳೆ ಕೇಳಿದವನಿಗೂ ಕೊನೆಗೆ ಬೇಕಾಗುವುದು ಗುರುತಿನ ಒಂದು ಕೈ.

ಇವತ್ತು ಮೀಟುವಾಗ ನನ್ನ ಸಣ್ಣ ತಂತಿ ಟಣ್ಣೆಂದು ಹರಿಯಿತು. ನನಗೆ ನಾಚಿಕೆಯಾಯಿತು. ಮದಲೇನಮ್ಮ ಮಾತ್ರ ಬೊಚ್ಚುಬಾಯಿ ಅಗಲಿಸಿ ನಕ್ಕಳು.

“ಹೋಗ್ಲಿ ಬಿಡೋ. ಇನ್ನೂ ಮೂರು ಇವೆಯಲ್ಲ!”

ಮತ್ತೆ ಮೀಟತೊಡಗಿದಳು.