ವೆಂಡೆಲನ ಅರ್ಧ ಬಾಯಿ

ಆ ಅಮೆರಿಕದವನ ಸಹವಾಸ ಸಾಕಪ್ಪಾ ಸಾಕು ಎಂದು ಸುಗುಣಾ ಗೊಣಗತೊಡಗಿ ಹನ್ನೊಂದು ವರ್ಷವಾಗಿತ್ತು. ಅವನ ಹೆಸರು ವೆಂಡೆಲ್ ಪ್ರೌಟಿ. ಟೀವಿ ನಟ. ಇಂಗ್ಲಿಷಿನ ಒಂದು ಕೋರ್ಟ್ ಧಾರಾವಾಹಿಯಲ್ಲಿ ಬಿಳಿ ಮೀಸೆಯ ಜಡ್ಜ್. ಆ ಜಡ್ಜ್ ಕನ್ನಡದಲ್ಲಿ ಮಾತಾಡುವಾಗ ಕೇಳಿಸುವ ಗಂಟಲು ಮಾತ್ರ ಸುಗುಣಾಳ ಗಂಡ ಹರಿಶ್ಚಂದ್ರನದು. ಡೊಂಬಿವಲಿಯ ಹೋಟೆಲೊಂದರ ಗಲ್ಲಾದಲ್ಲಿ ಕೂತು, ಇಡ್ಲಿ ವಡೆಯ ಆರ್ಡರನ್ನು ಅಡುಗೆಮನೆಗೆ ಕೂಗಿ ಹೇಳುತ್ತಿದ್ದ ಗಂಟಲದು. ಕನ್ನಡ ಸಂಘದ ನಾಟಕದಲ್ಲಿ ಯಾರೋ ಅದನ್ನು ಕೇಳಿ ಠಾಣೆಯ ಡಬ್ಬಿಂಗ್ ಸ್ಟುಡಿಯೋಗೆ ಕರೆದೊಯ್ದರು. ಅಂದಿನಿಂದ ಮನೆಯಲ್ಲಿ ಇಬ್ಬರಲ್ಲ, ಮೂವರು.

ವೆಂಡೆಲನ ಜಾತಕವೆಲ್ಲ ಸುಗುಣಾಳಿಗೆ ಬಾಯಿಪಾಠ. ಕೇಳಿ ಕಲಿತದ್ದಲ್ಲ, ಊಟಕ್ಕೆ ಕೂತಾಗಲೆಲ್ಲ ತುರುಕಿದ್ದು. ಅವನಪ್ಪ ಬಸ್ ಡ್ರೈವರ್. ಅವನು ಟೀವಿಯಲ್ಲಿ ಮೊದಲು ಮಾಡಿದ ಪಾರ್ಟು ಹೆಣದ್ದು. ಮೂರು ನಿಮಿಷ ಕಣ್ಣು ಮುಚ್ಚಿ ಮಲಗಿದ್ದ. ಆಮೇಲೆ ಟೂತ್‌ಪೇಸ್ಟಿನ ಜಾಹೀರಾತು. ಅದು ನಿಂತ ಮೇಲೆ ನಾಲ್ಕು ವರ್ಷ ಹೋಟೆಲಿನಲ್ಲಿ ವೇಟರ್.

"ನಮ್ಮವನೇ ಮಾರಾಯ್ತಿ! ಹೋಟೆಲಿನವ!" ಎಂದು ಹರಿಶ್ಚಂದ್ರ ಅಲ್ಲಿಗೆ ಬಂದಾಗಲೆಲ್ಲ ಎದೆ ತಟ್ಟಿಕೊಳ್ಳುತ್ತಿದ್ದ.

ನಂತರ ವೆಂಡೆಲ್ ಆಸ್ಪತ್ರೆಯ ಧಾರಾವಾಹಿಯೊಂದರಲ್ಲಿ ಡಾಕ್ಟರ್ ಆದ. ಸಂಬಳ ಜಾಸ್ತಿ ಕೇಳಿದ್ದಕ್ಕೆ ಡಾಕ್ಟರನ್ನು ಲಿಫ್ಟಿನಿಂದ ಬೀಳಿಸಿ ಸಾಯಿಸಿದರು. ಎರಡು ಮದುವೆ, ಎರಡು ಡೈವೋರ್ಸು. ಐವತ್ತೆಂಟಕ್ಕೆ ಈ ಜಡ್ಜಿನ ಪಾರ್ಟು ಸಿಕ್ಕಿತು, ನಸೀಬು ಖುಲಾಯಿಸಿತು. ಮಧ್ಯದಲ್ಲೊಮ್ಮೆ ಧಾರಾವಾಹಿ ನಿಲ್ಲುತ್ತದೆಂದು ಸುದ್ದಿ ಬಂದಾಗ ಹರಿಶ್ಚಂದ್ರ ಟಿಟ್ವಾಳಾದ ಗಣಪತಿಗೆ ಹರಕೆ ಹೇಳಿಕೊಂಡು, ಐದು ಮಂಗಳವಾರ ಉಪವಾಸ ಮಾಡಿದ್ದ. ಸ್ವಂತ ತಮ್ಮನ ಆಪರೇಷನ್ನಿಗೆ ಒಂದು ಹೊತ್ತೂ ಊಟ ಬಿಟ್ಟವನಲ್ಲ ಈ ಮನುಷ್ಯ.

ಇಷ್ಟೆಲ್ಲ ಆಗಿಯೂ ಅವನು ವೆಂಡೆಲನ ಪೂರ್ತಿ ಮುಖ ನೋಡುತ್ತಿದ್ದದ್ದು ಎಲ್ಲರಂತೆ ಮನೆಯ ಟೀವಿಯಲ್ಲೇ. ಕಂತು ಮೊದಲೇ ಕಳವಾಗಬಾರದೆಂದು, ಸ್ಟುಡಿಯೋಗೆ ಕಳಿಸುವಾಗ ಚಿತ್ರವನ್ನೆಲ್ಲ ಕಪ್ಪು ಮಾಡಿ, ಮಾತಾಡುವವನ ಬಾಯಿಯಷ್ಟು ಜಾಗ ಮಾತ್ರ ಬಿಡುತ್ತಾರೆ. ಕನ್ನಡಕ ಹಾಕಿ ಆ ತುಟಿಗಳನ್ನೇ ನೋಡುತ್ತ, ಅವು ಅಲುಗಾಡಿದಂತೆ ಕನ್ನಡ ಕೂರಿಸಬೇಕು. ವೆಂಡೆಲ್ ಹಲ್ಲುಸೆಟ್ಟು ಬದಲಿಸಿದ್ದು ಅವನ ಮನೆಯವರಿಗಿಂತ ಮೊದಲು ಹರಿಶ್ಚಂದ್ರನಿಗೆ ಗೊತ್ತಾಗಿರಬೇಕು.

ಕಳೆದ ವರ್ಷ ವೆಂಡೆಲನಿಗೆ ಲಕ್ವಾ ಹೊಡೆಯಿತು. ಅವನು ಸುಮ್ಮನೆ ಮನೆಯಲ್ಲಿರುವುದು ಬಿಟ್ಟು, ಸೊಟ್ಟ ಬಾಯಿಯಲ್ಲೇ ಶೂಟಿಂಗಿಗೆ ಬಂದ. ಕಥೆ ಬರೆಯುವವರು ಜಡ್ಜಿಗೂ ಲಕ್ವಾ ಬರಿಸಿಬಿಟ್ಟರು. ಇನ್ನು ಹತ್ತು ಕಂತು, ಕೊನೆಯದರಲ್ಲಿ ಜಡ್ಜ್ ಸಾಯುತ್ತಾನೆ.

ಸ್ಟುಡಿಯೋದ ಡೈರೆಕ್ಟರ್ ಮನೀಶ್, ಇಲ್ಲೇ ಕಾಮೋಠೆಯಲ್ಲಿ ಬೆಳೆದ ಹುಡುಗ, ಫೋನಿನಲ್ಲಿ ಸಂಕೋಚದಿಂದಲೇ ಹೇಳಿದ್ದ. "ಅಂಕಲ್, ತೊದಲೋ ವಾಯ್ಸ್ ಬೇಕು. ಬಾಸ್ ದೂಸರಾ ಆರ್ಟಿಸ್ಟ್ ನೋಡ್ತಿದ್ದಾರೆ. ಹದಿನೈದು ದಿನ ಬಿಟ್ಟು ಗುರುವಾರ ಟೆಸ್ಟ್ ಕೊಡ್ತೀರಾ?"

"ಹನ್ನೊಂದು ವರ್ಷ ನಾನು ಮಾತಾಡಿದ್ದು. ಸಾಯುವಾಗ ಬೇರೆಯವ ಮಾತಾಡುವುದಾ?" ಎಂದ ಹರಿಶ್ಚಂದ್ರನ ಕಣ್ಣಲ್ಲಿ ನೀರು ಬಂದಿತ್ತು.

ಶುರುವಾಯಿತಲ್ಲ ಪ್ರಾಕ್ಟೀಸು! ಹದಿನೈದು ದಿನ ಬಾಯಿಯ ಒಂದು ಮೂಲೆ ಜೋತುಬಿಟ್ಟುಕೊಂಡೇ ಮನೆಯೆಲ್ಲ ಓಡಾಡಿದ. ಗಂಜಿ ಕುಡಿದರೆ ಅಂಗಿಯ ಮೇಲೆ. ಉಪ್ಪು ಕೇಳಿದರೆ ಅರ್ಥವಾಗದೆ ಸುಗುಣಾ ಸಕ್ಕರೆ ಡಬ್ಬಿ ಕೊಡುವುದು, ಅವನು ಕೈ ಬೀಸಿ ಗುರುಗುಟ್ಟುವುದು. ಕೆಳಮಹಡಿಯ ಪದ್ಮಾವತಿ, ವಿಜಯಪುರದ ಕಡೆಯವಳು, ಒಂದು ಸಂಜೆ ಗಾಬರಿಯಿಂದ ಹತ್ತಿ ಬಂದಳು.

"ಅಯ್ಯ, ಸುಗುಣಕ್ಕಾರ, ನಿಮ್ಮ ಯಜಮಾನ್ರಿಗೆ ಲಕ್ವಾ ಹೊಡದೈತಿ, ಒಂದ್ ಮಾತ್ ಹೇಳಬಾರದೇನ್ರಿ?"

"ಎಂತದೂ ಹೊಡೆದಿಲ್ಲ. ಪ್ರಾಕ್ಟೀಸು!" ಎಂದ ಸುಗುಣಾಳಿಗೆ ನಾಚಿಕೆಯಿಂದ ನೆಲ ಬಿರಿದರೆ ಸಾಕೆನಿಸಿತು.

ಗುರುವಾರ ಬೆಳಿಗ್ಗೆಯಂತೂ ಕಡೆಯ ಹಟ. ಟೆಸ್ಟ್ ಮುಗಿಯುವವರೆಗೆ ಪಾರ್ಟು ಬಿಡುವುದಿಲ್ಲವಂತೆ, ಬಿಟ್ಟರೆ ನಾಲಿಗೆ ಮರೆಯುತ್ತದಂತೆ. ಹಾಗಾಗಿ ರಿಕ್ಷಾದವನ ಹತ್ತಿರ, ಟಿಕೆಟ್ ಕಿಟಕಿಯಲ್ಲಿ ಮಾತಾಡಲು ಸುಗುಣಾ ಜೊತೆಗೆ ಹೊರಡಬೇಕಾಯಿತು. ಮನೆಯಲ್ಲಿ ಬಟ್ಟೆ ಹಾಗೇ ಬಿದ್ದಿತ್ತು.

ಹತ್ತು ಐವತ್ತೆರಡರ ಸ್ಲೋ ಲೋಕಲ್ ರೈಲು. ದಿವಾ ಸ್ಟೇಷನ್ನಿನಲ್ಲಿ ಜನ ನುಗ್ಗಿದ್ದೇ ನುಗ್ಗಿದ್ದು. ಯಾರೋ ಹರಿಶ್ಚಂದ್ರನ ಕಾಲು ತುಳಿದ.

"ಅಂಧಾ ಹೈ ಕ್ಯಾ? ಕಣ್ಣು ಕಾಣುದಿಲ್ವಾ?" ಡಬ್ಬಿಯೆಲ್ಲ ತಿರುಗಿ ನೋಡುವಂತೆ ಹೊರಬಂತು ಹಳೆಯ ಗಲ್ಲಾದ ಗಂಟಲು.

"ಈಗ ಎಲ್ಲಿಗೆ ಹೋಯ್ತು ನಿಮ್ಮ ಲಕ್ವಾ?" ಸುಗುಣಾಳಿಗೆ ನಗು ತಡೆಯಲಾಗಲಿಲ್ಲ.

ಅವನು ಮುಖ ಗಂಟಿಕ್ಕಿ ಕಿಟಕಿಯತ್ತ ತಿರುಗಿದ. ಮುಂಬ್ರಾ ದಾಟಿದ ಮೇಲೆ ಮಾತಿನ ಹಾಳೆಗಳ ಫೈಲು ಅವನ ಕೈಯಿಂದ ಜಾರಿ ಜನರ ಕಾಲಡಿಗೆ ಬಿತ್ತು. ಬಗ್ಗಿ ಒಂದೊಂದೇ ಹಾಳೆ ಹೆಕ್ಕಿದವಳು ಸುಗುಣಾ. ಹೆಕ್ಕುತ್ತ, ಎದ್ದ ಮೇಲೆ, ಠಾಣೆ ಬರುವವರೆಗೂ ಬೈದಳು. ಅವನು ಏನೋ ಗೊಳಗೊಳ ಎಂದ. ರಿಕ್ಷಾದಲ್ಲಿ ಅವಳ ಹೆಗಲ ಮೇಲೆ ವಾಲಿದ.

"ಜಡ್ಜ್ ಸಾಹೇಬ್ರೇ, ನೆಟ್ಟಗೆ ಕೂತ್ಕೊಳ್ಳಿ. ನನಗೂ ವಯಸ್ಸಾಗಿದೆ, ಖಾಲಿಪೀಲಿ ಭಾರ ಹಾಕ್ಬೇಡಿ," ಎಂದು ತಳ್ಳಿದಳು.

ವಾಗ್ಳೆ ಎಸ್ಟೇಟಿನ ಸ್ಟುಡಿಯೋದಲ್ಲಿ ಗಾಜಿನಾಚೆ ಅವನು ಮೈಕಿನ ಮುಂದೆ ಕೂತ. ಈಚೆ ಮನೀಶನ ಪಕ್ಕ ಸುಗುಣಾ. ಕಪ್ಪು ಪರದೆಯ ನಡುವೆ ವೆಂಡೆಲನ ಬಾಯಿ ಅಲುಗಾಡಿತು. ಹರಿಶ್ಚಂದ್ರ ತೊದಲಿದ. ಎಳೆದೆಳೆದು, ನಡುವೆ ಒಂದು ಶಬ್ದ ಸಿಗದೆ ತಡಕಾಡಿ, ಮತ್ತೆ ತೊದಲಿದ. ಮನೀಶ್ ಕುರ್ಚಿಯಿಂದ ಎದ್ದೇಬಿಟ್ಟ.

"ಅಂಕಲ್, ಕಮಾಲ್! ಬಾಸ್ ಕೇಳಿದ್ರೆ ದೂಸರಾ ಆರ್ಟಿಸ್ಟ್ ಬೇಡ ಅಂತಾರೆ. ಪಕ್ಕಾ ನಿಮ್ದೇ. ಬನ್ನಿ, ಚಾ ಕುಡೀರಿ."

ಹದಿನೈದು ದಿನ ಇದೊಂದು ಮಾತಿಗಾಗಿ ಪ್ರಾಣ ತಿಂದ ಮನುಷ್ಯ ಕುಣಿದು ಹೊರಬರಬೇಕಿತ್ತು. ಅವನು ಎದ್ದೇ ಇಲ್ಲ. ಸುಗುಣಾ ತಲೆ ಚಚ್ಚಿಕೊಂಡು ಒಳಗೆ ಹೋದಳು.

"ಸಾಕು ಮಾರಾಯ್ರೇ, ಮುಗೀತಲ್ಲ. ಬಾಯಿ ಸರಿ ಮಾಡಿ."

ಹರಿಶ್ಚಂದ್ರ ಎಡಗೈ ಎತ್ತಿ, ಜೋತ ತುಟಿಯ ಮೂಲೆಯನ್ನು ಬೆರಳಿನಿಂದ ಮೇಲಕ್ಕೆ ಸರಿಸಿದ. ಕೈ ಬಿಟ್ಟೊಡನೆ ಅದು ಕೆಳಗಿಳಿಯಿತು. ಬಲಗೈ ತೊಡೆಯ ಮೇಲೆ ಬಿದ್ದಲ್ಲೇ ಇತ್ತು. ಅವನು ಅವಳನ್ನು ನೋಡಿದ, ಹೆದರಿಕೊಂಡಿದ್ದ.

"ಅಯ್ಯೋ ದೇವರೇ," ಎಂದಳು ಸುಗುಣಾ. "ಮನೀಶಾ, ಗಾಡಿ! ಬೇಗ ಗಾಡಿ ತೆಗಿ!"

ಆಸ್ಪತ್ರೆಯ ಡಾಕ್ಟರ್ ಚಿಕ್ಕ ಪ್ರಾಯದವಳು. ಸ್ಕ್ಯಾನ್ ಮಾಡಿಸಿ ಬಂದು, ಒಂದು ಇಂಜೆಕ್ಷನ್ ಇದೆ, ಆದರೆ ಲಕ್ವಾ ಶುರುವಾಗಿ ನಾಲ್ಕೂವರೆ ಗಂಟೆಯೊಳಗೆ ಕೊಡಬೇಕು, ಮೀರಿದರೆ ತಲೆಯೊಳಗೆ ರಕ್ತ ಒಸರುವ ಅಪಾಯ ಹೆಚ್ಚು ಎಂದಳು. ಮಾತು ಯಾವಾಗಿನಿಂದ ತೊದಲುತ್ತಿದೆ ಎಂದು ಕೇಳಿದಳು.

ಸುಗುಣಾ ದಿನಗಳ ಲೆಕ್ಕ ಹಾಕತೊಡಗಿದಳು. ಏನೆಂದು ಹೇಳುವುದು? ಹದಿನೈದು ದಿನದಿಂದ ಎಂದೇ? ಬೆಳಿಗ್ಗೆ ದೋಸೆ ಬೇಕೆಂದು ತೊದಲಿದ್ದ. ಅದು ನಾಟಕವೋ, ಇದೋ? ಗಂಜಿ ಚೆಲ್ಲಿದ್ದು ಯಾವುದು, ಫೈಲು ಬಿದ್ದದ್ದು ಯಾವುದು? ಹಾಳಾದ ವೆಂಡೆಲ್, ನಿನ್ನ ಮನೆ ಕಾಯಾ! ಮೂವತ್ತಾರು ವರ್ಷ ಜೊತೆಗಿದ್ದ ಗಂಡನ ಬಾಯಿ ಯಾವ ಹೊತ್ತಿಗೆ ನಿಜಕ್ಕೂ ಸೊಟ್ಟಗಾಯಿತೆಂದು ಅವಳಿಗೆ ಗೊತ್ತಿರಲಿಲ್ಲ. ಗೊತ್ತಿಲ್ಲದ್ದಷ್ಟೇ ಅಲ್ಲ, ಆ ಹೊತ್ತಿಗೆ ಅವಳು ಅವನನ್ನು ಬೈಯುತ್ತಿದ್ದಳು.

"ಸರಿಯಾಗಿ ಮಾತಾಡಿದ್ದನ್ನು ಕೊನೆಗೆ ಯಾವಾಗ ಕೇಳಿದಿರಿ? ಅಷ್ಟು ಹೇಳಿದರೆ ಸಾಕು," ಎಂದಳು ಡಾಕ್ಟರ್.

"ದಿವಾದಲ್ಲಿ!" ಸುಗುಣಾ ಅವಳ ಕೈ ಹಿಡಿದುಕೊಂಡಳು. "ದಿವಾದಲ್ಲಿ ಒಬ್ಬನಿಗೆ ಬೈದರು. ಸ್ಪಷ್ಟವಾಗಿ, ಇಡೀ ಡಬ್ಬಿಗೆ ಕೇಳುವ ಹಾಗೆ ಬೈದರು. ಹನ್ನೊಂದು ಗಂಟೆ ಆಗಿತ್ತು. ನಾನು ನಗಾಡಿದೆ."

ಗೋಡೆಯ ಗಡಿಯಾರದಲ್ಲಿ ಒಂದೂ ಮುಕ್ಕಾಲು. ಡಾಕ್ಟರ್ ಒಳಗೆ ಓಡಿದಳು.

ಇಂಜೆಕ್ಷನ್ ಏರಿಸಿ ಒಂದು ಗಂಟೆಯಾಗಿತ್ತು. ಇನ್ನೂ ಏನೂ ಹೇಳಲಾಗುವುದಿಲ್ಲ, ಕಾಯಿರಿ ಎಂದಿದ್ದರು. ಕಾರಿಡಾರಿನಲ್ಲಿ ಫೋನು ಹಿಡಿದು ಅತ್ತಿತ್ತ ನಡೆಯುತ್ತಿದ್ದ ಮನೀಶ್ ಅವಳೆದುರು ಬಂದು ನಿಂತ.

"ಆಂಟಿ, ಅಂಕಲ್ ಇವತ್ತು ರೆಕಾರ್ಡ್ ಮಾಡಿದ ಟೇಕನ್ನ ಬಾಸ್‌ಗೆ ಕೇಳಿಸ್ದೆ. ಅಂಕಲ್‌ಗೆ ಹೀಗಾಗಿದೆ ಅಂತ್ಲೂ ಹೇಳ್ದೆ. ಪೂರಾ ಸೀಸನ್ ಅವರದೇ ಅಂದ್ರು. ಆ ಟೇಕೇ ಫೈನಲ್ ಇಟ್ಕೊಳ್ಳೋಣ್ವಾ? ಇಷ್ಟು ಅಸಲಿ ಯಾರೂ ಮಾಡಲ್ಲ..."

"ಅಳಿಸು ಅದನ್ನ."

"ಆಂಟಿ, ಆ ಟೇಕ್ ಹೋದ್ರೆ ರೋಲೂ ಹೋಗ್ಬಹುದು."

"ಹೋಗ್ಲಿ. ಅಳಿಸು ಅಂದೆ." ಸುಗುಣಾ ಅವನ ಫೋನಿನತ್ತ ಬೆರಳು ಮಾಡಿದಳು. "ಅದು ಅವರು ಮಾಡಿದ್ದಲ್ಲ. ಹದಿನೈದು ದಿನ ಮನೆಯಲ್ಲಿ ಮಾಡಿದ್ದು ನಾನು ನೋಡಿದ್ದೇನೆ. ಅವರಿಗೆ ಇದಕ್ಕಿಂತ ಚೆನ್ನಾಗಿ ಮಾಡ್ಲಿಕ್ಕೆ ಬರ್ತದೆ."