ಕೊನೆಯ ಅಂಕಿ

ಮೂರು ಒತ್ತಿದ ಮೇಲೆ ವೆಲ್ಡಾ ಎರಡೂ ಕೈ ತೆಗೆದು ಮಡಿಲಲ್ಲಿ ಇಟ್ಟುಕೊಂಡಳು. ಫೈಲು ಇನ್ನೂ ಪರದೆಯ ಮೇಲೆ ತೆರೆದೇ ಇತ್ತು. ಇನ್ನೊಂದು ಗುಂಡಿ ಒತ್ತಿದರೆ ಮುಗಿಯಿತು, ಲೊವೆಲ್ ಪ್ರಿಚೆಟ್ ಎಂಬ ಕಡಲೆಕಾಯಿ ಮಾರುವವನೇ ಶನಿವಾರದ ಸಂತೆಯಲ್ಲಿ ಬಾಂಬ್ ಇಟ್ಟವನು ಎಂದು ಆಸ್ಪತ್ರೆಯ ದಾಖಲೆ ಹೇಳಿಬಿಡುತ್ತದೆ. ಹೇಳಲಿ ಬಿಡು, ಅವನ ಮನೆ ಹಾಳಾಗ, ಎಂದುಕೊಂಡಳು. ಆಚೆ ಅಡುಗೆಮನೆಯಲ್ಲಿ ತಂಗಿ ಕೊರೀನ್ ಊರವರ ಪಾತ್ರೆಗಳನ್ನು ಒಂದೊಂದಾಗಿ ತೊಳೆದು ಒರೆಸಿಡುತ್ತಿದ್ದಳು. ಆ ಬಾಂಬಿಗೆ ಸಿಕ್ಕಿ ಸತ್ತ ಅವಳ ಗಂಡ ಥರ್ಮನ್‌ನನ್ನು ಮಣ್ಣು ಮಾಡಿ ವಾರವೂ ಕಳೆದಿರಲಿಲ್ಲ.

ವೆಲ್ಡಾಳ ಕೆಲಸವೇ ಅದು. ಡಾಕ್ಟರು ಬರೆದದ್ದನ್ನೆಲ್ಲ ಓದಿ ಕೋಡ್ ಹಾಕುವುದು: ಯಾವ ಗಾಯ, ಎಲ್ಲಿ ಆಯಿತು, ಹೇಗೆ ಆಯಿತು. ಏಣಿಯಿಂದ ಬಿದ್ದವನಿಗೆ ಒಂದು ಕೋಡ್, ನಾಯಿ ಕಚ್ಚಿದವನಿಗೆ ಒಂದು, ಹುಂಜ ಕುಕ್ಕಿದವನಿಗೂ ಒಂದು. ಮನೆಯ ಹಿಂದಿನ ಕೋಣೆಯಲ್ಲಿ ಚಪ್ಪಲಿ ಮೆಟ್ಟಿಕೊಂಡು ಕೂತು, ಮುಖ ನೋಡದೆಯೇ ಊರಿನ ಅರ್ಧ ಜನರ ಒಳಗನ್ನು ಬಲ್ಲವಳು ಅವಳು. ಭಯೋತ್ಪಾದನೆಗೂ ಒಂದು ಕೋಡ್ ಇದೆ ಎಂದು ಪಾಠದಲ್ಲಿ ಓದಿದ್ದಳು, ಹಾಕುವ ದಿನ ಬರುತ್ತದೆ ಎಂದು ಕನಸಲ್ಲೂ ಎಣಿಸಿರಲಿಲ್ಲ. ಆ ಕೋಡಿನ ತುದಿಯಲ್ಲಿ ಗಾಯಗೊಂಡವನು ಯಾರೆಂದು ಹೇಳುವ ಅಂಕಿ ಬರುತ್ತದೆ. ಒಂದು ಅಂದರೆ ಪೊಲೀಸು, ಬೆಂಕಿ ಆರಿಸುವವರು. ಎರಡು ಅಂದರೆ ನಿಮ್ಮಂಥ, ನಮ್ಮಂಥ ಜನ. ಮೂರು ಅಂದರೆ ಆ ಕೆಲಸ ಮಾಡಿದವನೇ.

ಇದಕ್ಕೊಂದು ಕಟ್ಟುನಿಟ್ಟೂ ಇದೆ. ಇದು ಭಯೋತ್ಪಾದನೆ ಎಂದು ಎಫ್‌ಬಿಐ ಬಾಯಿಬಿಟ್ಟು ಹೇಳುವವರೆಗೆ ಆ ಕೋಡ್ ಮುಟ್ಟುವ ಹಾಗಿಲ್ಲ. ಊರೆಲ್ಲ ಅನುಮಾನಪಟ್ಟರೂ ಅಷ್ಟೇ, ಹಲ್ಲೆ ಎಂದೇ ಬರೆಯಬೇಕು. ಎಫ್‌ಬಿಐ ಇನ್ನೂ ತುಟಿ ಬಿಚ್ಚಿರಲಿಲ್ಲ. ಡಾಕ್ಟರು ಬರೆದದ್ದು ಇಷ್ಟೇ, 'ಬಾಂಬ್ ಇಟ್ಟವನೆಂದು ಶಂಕೆ, ಪೊಲೀಸ್ ಕಾವಲಿದೆ.' ಆದರೆ ಟೀವಿಗೆ ಯಾವ ಕಟ್ಟು, ಯಾವ ನಿಟ್ಟು? ಲೊವೆಲ್ ಬಗ್ಗಿ ಕಪ್ಪು ಚೀಲಕ್ಕೆ ಕೈ ಹಾಕಿ ಎತ್ತುವುದನ್ನು ಬೆಳಗಿನಿಂದ ಸಂಜೆಯವರೆಗೆ ತೋರಿಸಿದ್ದೇ ತೋರಿಸಿದ್ದು. ವೆಲ್ಡಾ ಹಲ್ಲು ಕಚ್ಚಿಕೊಂಡು ನೋಡಿದ್ದಳು. ಥರ್ಮನ್ ತನ್ನ ತಂಗಿಯ ಗಂಡನಷ್ಟೇ ಅಲ್ಲ, ಸೋರುವ ಮಾಡು ಹತ್ತಿ ರಿಪೇರಿ ಮಾಡಿಕೊಟ್ಟವನು, ಇವಳ ಕಾಫಿಯನ್ನು ಚರಂಡಿ ನೀರು ಎಂದು ಗೇಲಿ ಮಾಡುತ್ತಲೇ ಎರಡನೇ ಲೋಟ ಕೇಳುತ್ತಿದ್ದವನು. ನೆಂಟರ ಫೈಲು ಮುಟ್ಟಬಾರದೆಂದು ಅವನದನ್ನು ಬೇರೆಯವರಿಗೆ ಕೊಟ್ಟಿದ್ದರು. ಲೊವೆಲ್‌ನದು ಸರದಿಯಲ್ಲಿ ತಾನೇ ಇವಳ ಪಾಲಿಗೆ ಬಂದು ಬಿದ್ದಿತ್ತು.

ಅಷ್ಟರಲ್ಲಿ ಮೇಲ್ವಿಚಾರಕ ಡ್ವೇನ್ ಫೋನ್ ಮಾಡಿದ. ಒಳ್ಳೆಯ ಹುಡುಗ, ಪಾಪ, ಆ ವಾರ ಅವನೂ ಸರಿಯಾಗಿ ನಿದ್ದೆ ಮಾಡಿರಲಿಲ್ಲ. ಸಂತೆಯ ಫೈಲುಗಳನ್ನು ಇವತ್ತೇ ಮುಗಿಸಿಬಿಡೋಣ ಎಂದ. ವೆಲ್ಡಾ ಕೊನೆಯ ಅಂಕಿಯ ಮಾತು ತೆಗೆದಾಗ ದನಿ ತಗ್ಗಿಸಿದ.

"ಕಾಯ್ಬೇಕು ನಿಜ ಅಕ್ಕ. ಆದ್ರೆ ಟೀವೀಲಿ ಕಣ್ಣಾರೆ ನೋಡಿದೀವಲ್ಲ. ನೀವು ಮೂರು ಹಾಕಿದ್ರೆ ನಾನಂತೂ ವಾಪಸ್ ಕಳಿಸಲ್ಲ."

ಫೋನ್ ಇಟ್ಟ ಮೇಲೂ ವೆಲ್ಡಾ ಗುಂಡಿ ಒತ್ತಲಿಲ್ಲ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅನ್ನುತ್ತಾರೆ, ಇವಳು ಕಂಡದ್ದಾದರೂ ಏನು? ಒಬ್ಬ ಚೀಲ ಎತ್ತಿದ್ದನ್ನು. ಫೈಲಿನ ಮೇಲ್ಗಡೆ ಹತ್ತಿರದ ಸಂಬಂಧಿ ಎಂಬಲ್ಲಿ ತಾಯಿ ಜೂನಿ ಪ್ರಿಚೆಟ್, ಗಿರಣಿ ರಸ್ತೆ ಎಂದಿತ್ತು. ಸ್ಮಶಾನದಿಂದ ಬರುವಾಗ ಆ ಮನೆಯ ಮುಂದೆಯೇ ಬಂದಿದ್ದರು. ಈ ಊರಲ್ಲಿ ಸಾವಾಗಲಿ, ಕಾಯಿಲೆಯಾಗಲಿ, ಮನೆಯವರು ಬೂಟು ಬಿಚ್ಚುವ ಮೊದಲೇ ನೆರೆಯವರ ಪಾತ್ರೆಗಳು ಬಂದಿರುತ್ತವೆ. ಕೋಳಿ ಹಾಕಿ ಬೇಯಿಸಿದ ಅನ್ನ, ಹುರುಳಿಕಾಯಿ, ಪೀಚ್ ಹಣ್ಣಿನ ಸಿಹಿ. ಪಾತ್ರೆಯ ತಳಕ್ಕೆ ಟೇಪು ಅಂಟಿಸಿ ಹೆಸರು ಬರೆದಿರುತ್ತಾರೆ. ದುಃಖ ಸ್ವಲ್ಪ ಇಳಿದ ಮೇಲೆ ತೊಳೆದು, ಅವರವರ ಮನೆಗೆ ಹೋಗಿ, ನಾಲ್ಕು ಮಾತಾಡಿ ಕೊಟ್ಟುಬರಬೇಕು. ಜೂನಿಯ ಮನೆ ಮೆಟ್ಟಿಲ ಮೇಲೆ ಒಂದು ಬಟ್ಟಲೂ ಇರಲಿಲ್ಲ. ಚರ್ಚಿನಲ್ಲಿ ಊಟ ಒಯ್ಯುವವರ ಸರದಿ ಹಾಕುವಾಗ ಅವಳ ಹೆಸರು ಬಂದಿತ್ತು, ಎಲ್ಲರೂ ಕಿಟಕಿ ಕಡೆ ನೋಡಿದ್ದರು. ವೆಲ್ಡಾಳೂ ಅಲ್ಲೇ ಇದ್ದಳು, ಅವಳೂ ಕಿಟಕಿ ಕಡೆಯೇ ನೋಡಿದ್ದಳು.

ಬೆನ್ನ ಹಿಂದೆ ಕೊರೀನ್ ಬಂದು ನಿಂತದ್ದು ಸೋಪಿನ ವಾಸನೆಯಿಂದ ತಿಳಿಯಿತು. ವೆಲ್ಡಾ ತಟ್ಟನೆ ಪರದೆ ಆರಿಸಿದಳು. ಆರಿಸಿದ್ದೇ ತಪ್ಪಾಯಿತು.

"ಅವನದು ನಿನ್ ಹತ್ರ ಬಂದಿದೆ, ಅಲ್ವಾ ಅಕ್ಕ?"

"ನಾನು ಹೇಳೋ ಹಾಗಿಲ್ಲ, ನಿಂಗೊತ್ತಲ್ಲ."

"ಹೇಳ್ಬೇಡ. ಬರಿ, ಅಷ್ಟು ಸಾಕು. ಕೊಂದೋನು ಅಂತ ಬರಿ." ಕೊರೀನ್ ಕೈಯಲ್ಲಿದ್ದ ಒರೆಸುವ ಬಟ್ಟೆಯನ್ನು ಹಿಂಡುತ್ತಲೇ ಇದ್ದಳು. "ಟೊಮೇಟೊ ತಾ ಅಂತ ನಾನೇ ಕಳ್ಸಿದ್ದು. ಚೀಲ ಹಿಡ್ಕೊಂಡು ಹೋದೋನು ಚೀಲದಲ್ಲಿ ಬಂದ."

ವೆಲ್ಡಾಳಿಗೆ ತಂಗಿಯನ್ನು ತಬ್ಬಿಕೊಂಡು ಬರೆದಾಯ್ತು ಕಣೇ, ಅಳಬೇಡ ಎನ್ನಬೇಕು ಅನ್ನಿಸಿತು. ಅದು ಸುಳ್ಳೂ ಆಗಿರಲಿಲ್ಲ, ಮೂರು ಅಲ್ಲೇ ಕೂತಿತ್ತು. ಆದರೆ ಒಮ್ಮೆ ಹೊರಟ ಕೋಡ್ ಮನುಷ್ಯನ ಬೆನ್ನು ಬಿಡುವುದಿಲ್ಲ, ಅವನು ಯಾವ ಊರಿನ ಯಾವ ಡಾಕ್ಟರ ಬಳಿ ಹೋದರೂ ಅವನಿಗಿಂತ ಮೊದಲೇ ಹೋಗಿ ಕೂತಿರುತ್ತದೆ.

"ನಾನು ಬರೆಯಲ್ಲ ಕೊರೀನ್. ಹೌದು ಅಂತ ಇನ್ನೂ ಯಾರೂ ಹೇಳಿಲ್ಲ. ಹೇಳೋವರೆಗೂ ಎಲ್ಲಾರ್ದೂ ಹಲ್ಲೆ ಅಂತಾನೇ."

"ಥರ್ಮನ್‌ದೂನಾ?"

"ಥರ್ಮನ್‌ದೂ ಅಷ್ಟೇ."

"ಕುಡ್ದು ಹೊಡೆದಾಡಿ ಸತ್ತೋನ ಹಾಗೆ."

ತಂಗಿ ಆಚೆ ಹೋದ ಮೇಲೆ ವೆಲ್ಡಾ ಪರದೆ ಹಚ್ಚಿ, ಮೂರನ್ನು ಅಳಿಸಿ, ಇಡೀ ಕೋಡನ್ನೇ ಅಳಿಸಿ, ಹಲ್ಲೆ ಎಂದು ಹಾಕಿ ಕಳಿಸಿದಳು. ಸಂಜೆಯೊಳಗೆ ಕೊರೀನ್ ಬಟ್ಟೆ ತುಂಬಿಕೊಂಡು ತನ್ನ ಖಾಲಿ ಮನೆಗೆ ಹೊರಟುಹೋದಳು.

ಆಮೇಲೆ ಬೇಸಿಗೆ ಪೂರ್ತಿ ಅಕ್ಕತಂಗಿಯರಿಗೆ ಮಾತಿಲ್ಲ, ಕಥೆಯಿಲ್ಲ. ಚರ್ಚಿನಲ್ಲಿ ಕೊರೀನ್ ಬೇರೆ ಬೆಂಚಿಗೆ ಹೋದಳು. ಊರ ಬಾಯಿಗೆ ಮುಚ್ಚಳ ಉಂಟೆ? ಒಡಹುಟ್ಟಿದವಳಿಗಿಂತ ಕೊಲೆಗಾರ ಹೆಚ್ಚಾದನೇ ಎಂದು ಅಂಗಡಿಯಲ್ಲಿ ಯಾರೋ ಇವಳಿಗೆ ಕೇಳುವಂತೆಯೇ ಆಡಿದರು. ಕಾಫಿ ಬಗ್ಗೆ ಬೈಯಲೂ ಮನೆಗೆ ಯಾರೂ ಬರಲಿಲ್ಲ. ತಾನು ಮಾಡಿದ್ದು ಸರಿ ಎಂದು ಅವಳಿಗೆ ಗೊತ್ತಿತ್ತು, ಆದರೆ ಸರಿ ಎನ್ನುವುದು ಊಟಕ್ಕೆ ಎದುರು ಕುರ್ಚಿಯಲ್ಲಿ ಬಂದು ಕೂರುವುದಿಲ್ಲವಲ್ಲ.

ಕೊನೇ ಬೆಳೆಯ ಪೀಚ್ ಹಣ್ಣು ಬರುವ ಹೊತ್ತಿಗೆ ಎಫ್‌ಬಿಐ ಬಾಯಿಬಿಟ್ಟಿತು. ಇದು ಭಯೋತ್ಪಾದನೆಯೇ. ಮಾಡಿದವರು ಇಬ್ಬರು, ಬೇರೆ ರಾಜ್ಯದಲ್ಲಿ ಸಿಕ್ಕಿಬಿದ್ದಿದ್ದರು. ಲೊವೆಲ್ ಪ್ರಿಚೆಟ್ ತನ್ನ ಅಂಗಡಿ ಮುಂದೆ ಬಿದ್ದಿದ್ದ ಚೀಲವನ್ನು ಯಾರದಿದು ಎಂದು ಕೂಗುತ್ತ ಪೊಲೀಸಿನವನಿಗೆ ಕೊಡಲು ಎತ್ತಿಕೊಂಡಿದ್ದನಂತೆ. ಬಲಗೈ ಇಲ್ಲದೆ ಅವನು ತಾಯಿಯ ಮನೆಗೆ ಬಂದ. ಡ್ವೇನ್ ಹಳೆಯ ಫೈಲುಗಳನ್ನೆಲ್ಲ ತಿರುಗಿ ತೆರೆಸಿದ. ವೆಲ್ಡಾ ಒಂದೊಂದಕ್ಕೂ ಹೊಸ ಕೋಡ್ ಹಾಕಿ ಕೊನೆಯಲ್ಲಿ ಎರಡು ಎಂದು ಒತ್ತುತ್ತ ಹೋದಳು. ಲೊವೆಲ್‌ಗೂ ಎರಡು. ಥರ್ಮನ್‌ನ ಫೈಲು ಯಾರ ಕೈಯಲ್ಲಿತ್ತೋ, ಅವರೂ ಅದನ್ನೇ ಒತ್ತಿರುತ್ತಾರೆ ಎಂದುಕೊಂಡಾಗ ಅವಳ ಕಣ್ಣು ತುಂಬಿತು.

ಮರುದಿನ ಮಧ್ಯಾಹ್ನ ಹಿತ್ತಲ ಬಾಗಿಲು ತಟ್ಟಿದ ಸದ್ದಾಯಿತು. ಕೊರೀನ್ ಒಂದು ಬುಟ್ಟಿ ಪೀಚ್ ಹಣ್ಣು, ಮೇಲೆ ಎರಡು ಪಾತ್ರೆ ಹಿಡಿದು ನಿಂತಿದ್ದಳು. ತನ್ನ ಓವನ್ ಕೆಟ್ಟಿದೆ ಎಂದಳು. ಕೆಟ್ಟಿರಲಿಲ್ಲ ಎಂದು ಇಬ್ಬರಿಗೂ ಗೊತ್ತು. ವೆಲ್ಡಾ ಚಾಕು ತಂದು ಕೊಟ್ಟಳು, ಕಾಫಿಗೆ ನೀರಿಟ್ಟಳು. ಇಬ್ಬರೂ ಕೂತು ಹಣ್ಣಿನ ಸಿಪ್ಪೆ ಸುಲಿದರು. ಹೊಸ ಕೋಡಿನ ಮಾತು ಇವಳೂ ಎತ್ತಲಿಲ್ಲ, ಅವಳೂ ಕೇಳಲಿಲ್ಲ.

"ಗಿರಣಿ ರಸ್ತೆಗೆ, ಜೂನಿ ಮನೆಗೆ, ನೀನೂ ಬರ್ತೀಯಾ?" ಎಂದಳು ಕೊರೀನ್, ಹಣ್ಣಿನಿಂದ ತಲೆ ಎತ್ತದೆ.

"ಬರ್ತೀನಿ."

ತಂದ ಪಾತ್ರೆಗಳಲ್ಲಿ ಒಂದು ಬಿಸಾಡುವಂಥ ತೆಳು ಅಲ್ಯೂಮಿನಿಯಂ ತಟ್ಟೆ, ಕೊಟ್ಟರೆ ತಿರುಗಿ ಬರಬೇಕಾದ್ದಿಲ್ಲ. ಇನ್ನೊಂದು ಅವಳ ಮನೆಯ ಗಾಜಿನ ಪಾತ್ರೆ. ಕೊರೀನ್ ತಟ್ಟೆಗೆ ಬೆಣ್ಣೆ ಸವರಿದಳು, ಅರ್ಧಕ್ಕೇ ನಿಲ್ಲಿಸಿದಳು, ಆಮೇಲೆ ಅದನ್ನು ಪಕ್ಕಕ್ಕೆ ಸರಿಸಿ ಗಾಜಿನದನ್ನು ಎಳೆದುಕೊಂಡಳು. ಮಗುಚಿ ನೋಡಿದಳು. ತಳದಲ್ಲಿ ಹಳೆಯ ಟೇಪಿನ ಮೇಲೆ ಥರ್ಮನ್‌ನ ದುಂಡು ಅಕ್ಷರದಲ್ಲಿ ಇಬ್ಬರ ಹೆಸರೂ ಇತ್ತು, ಒಂದು ಮೂಲೆ ಎದ್ದಿತ್ತು. ಕೊರೀನ್ ಒದ್ದೆ ಬೆರಳನ್ನು ತನ್ನ ಅಂಗಿಗೆ ಒರೆಸಿಕೊಂಡು, ಆ ಮೂಲೆಯನ್ನು ಹೆಬ್ಬೆರಳಿನಿಂದ ಒತ್ತಿ, ಅಂಟುವವರೆಗೆ ಹಾಗೇ ಹಿಡಿದುಕೊಂಡಳು.