ತಪ್ಪದ ಕಂತಿಗೊಂದು ಸನ್ಮಾನ

ಮನೆಸಾಲದ ಕಂಪನಿಯವರು ಸನ್ಮಾನ ಮಾಡುತ್ತೇವೆ ಬನ್ನಿ ಎಂದು ಫೋನ್ ಮಾಡಿದ ದಿನ ಕೋಮಲಾ ಬೀದಿಗೆಲ್ಲ ಹೇಳಿಕೊಂಡು ಬಂದಳು. ಹೇಳಿಕೊಳ್ಳುವಂಥದ್ದೇ ಆಗಿತ್ತು ಬಿಡಿ. ಹೊಸೂರಿನ ಪಕ್ಕದ ಮತ್ತಿಗಿರಿಯ ಆ ಬೀದಿಯಲ್ಲಿ ಸಾಲ ಮಾಡದೆ ಮನೆ ಕಟ್ಟಿದವರು ಒಬ್ಬರೂ ಇಲ್ಲ. ಆದರೆ ಸಾಲ ಮಾಡಿದ್ದಕ್ಕೆ ಸನ್ಮಾನ ಮಾಡಿಸಿಕೊಂಡವರೂ ಇರಲಿಲ್ಲ. ಹನ್ನೆರಡು ವರ್ಷದಲ್ಲಿ ಒಂದು ಕಂತನ್ನೂ ತಪ್ಪಿಸದ ಹತ್ತು ಕುಟುಂಬಗಳನ್ನು ಆರಿಸಿದ್ದಾರಂತೆ, ಪೊಂಗಲ್ಲಿಗೆ ಮುಂಚಿನ ಶನಿವಾರ ಹೊಸೂರಿನ ಆಫೀಸಿನಲ್ಲಿ ಪೊನ್ನಾಡೆ ಹೊದಿಸುತ್ತಾರಂತೆ, ಊಟವೂ ಉಂಟಂತೆ. ಪೊನ್ನಾಡೆ ಎಂದರೆ ಆ ಕಡೆ ದೊಡ್ಡ ಮರ್ಯಾದೆ. ಜರಿಯಂಚಿನ ಆ ಶಾಲನ್ನು ಮಂತ್ರಿಗಳಿಗೆ, ರಿಟೈರಾಗುವ ಹೆಡ್‌ಮಾಸ್ಟರಿಗೆ ಹೊದಿಸುವುದನ್ನು ಅವಳು ನೋಡಿದ್ದಳೇ ಹೊರತು ತನ್ನ ಹೆಗಲಿಗೂ ಒಂದು ಬಂದೀತು ಎಂದುಕೊಂಡಿರಲಿಲ್ಲ.

ಕಂತು ಕಟ್ಟುವ ವಿದ್ಯೆ ಅವಳಿಗೆ ಬಂದದ್ದು ಫ್ಯಾಕ್ಟರಿ ಬಸ್ಸಿನಲ್ಲಿ. ಮಾಲೂರಿನ ಕಡೆಯ ಹಳ್ಳಿಯಿಂದ ಗಂಡ ಜಗನ್ ಜೊತೆ ಹೊಸೂರಿಗೆ ಬಂದವಳು, ಅವನೊಂದು ಫ್ಯಾಕ್ಟರಿಯಲ್ಲಿ, ಇವಳೊಂದು ಫ್ಯಾಕ್ಟರಿಯಲ್ಲಿ. ಬೆಳಗಿನ ಶಿಫ್ಟಿನ ಬಸ್ಸಿನಲ್ಲಿ ಹೋಗುವ ಹೆಂಗಸರೆಲ್ಲ ಸೇರಿ ಚೀಟಿ ಹಾಕುತ್ತಿದ್ದರು. ಆ ಚೀಟಿಗೆ ಒಂದು ಕಟ್ಟುಪಾಡು ಇತ್ತು. ಬೋನಸ್ ಬಂದು ಕೈಯಲ್ಲಿ ಕಾಸಿದ್ದಾಗ ಯಾರು ಬೇಕಾದರೂ ಕಟ್ಟಕಡೆಯ ಕಂತುಗಳನ್ನು ಮೊದಲೇ ಕೊಟ್ಟುಬಿಡಬಹುದು. ಕೊಟ್ಟವರಿಗೆ ಅಷ್ಟು ತಿಂಗಳು ಮುಂಚೆಯೇ ಚೀಟಿ ಮುಗಿದ ಹಾಗೆ. ಅದಕ್ಕೆ ಅವರು ಬಾಲ ಕತ್ತರಿಸುವುದು ಎನ್ನುತ್ತಿದ್ದರು. ಬಾಲ ಕತ್ತರಿಸುವುದರಲ್ಲಿ ಕೋಮಲಾಳದು ಎತ್ತಿದ ಕೈ.

ಮನೆಸಾಲಕ್ಕೂ ಅವಳು ಅದೇ ಕತ್ತರಿ ಹಿಡಿದಳು. ಸಾಲ ಹನ್ನೆರಡು ಲಕ್ಷ, ಅವಧಿ ಹದಿನೈದು ವರ್ಷ, ತಿಂಗಳಿಗೆ ಹನ್ನೆರಡು ಸಾವಿರದ ಒಂಬೈನೂರು. ತಿಂಗಳ ಕಂತು ಜಗನ್‌ನ ಖಾತೆಯಿಂದ ತಾನಾಗಿಯೇ ಹೋಗುತ್ತಿತ್ತು. ಅದಲ್ಲದೆ ಪ್ರತಿ ಆಯುಧಪೂಜೆಗೂ ಇಬ್ಬರ ಬೋನಸ್ಸನ್ನೂ ಕೂಡಿಸಿ, ಸರಿಯಾಗಿ ಎರಡು ಕಂತಿನ ದುಡ್ಡು ಹಿಡಿದು ಅವಳು ಆಫೀಸಿಗೆ ಹೋಗುತ್ತಿದ್ದಳು. "ಇದು ಕಡೇ ಎರಡು ಕಂತಿಗೆ ಕಣಮ್ಮ" ಎಂದು ಕೌಂಟರಿನ ಹುಡುಗಿಗೆ ಹೇಳುತ್ತಿದ್ದಳು. ಹುಡುಗಿ ನಕ್ಕು ದುಡ್ಡು ಎಣಿಸಿಕೊಂಡು ರಸೀದಿ ಕೊಡುತ್ತಿದ್ದಳು. ಹೀಗೆ ಹನ್ನೆರಡು ವರ್ಷ. ಹಬ್ಬಕ್ಕೆ ಒಂದು ಒಳ್ಳೆಯ ಸೀರೆ ತೆಗೆದುಕೊಂಡವಳಲ್ಲ. ಉಳಿದದ್ದು ಮೂರು ವರ್ಷ, ಅದರ ಬಾಲದಿಂದ ಎರಡು ವರ್ಷ ಕತ್ತರಿಸಿದ್ದಾಯಿತು, ಇನ್ನು ಒಂದೇ ವರ್ಷ.

ಆ ಒಂದು ವರ್ಷವನ್ನು ಅವಳು ಕಾಲಿನಲ್ಲಿ ಎಣಿಸುತ್ತಿದ್ದಳು. ಅವಳದು ನಿಂತು ಮಾಡುವ ಕೆಲಸ. ಗಾಡಿಗಳ ವೈರು ಜೋಡಿಸುವ ಲೈನಿನ ಮುಂದೆ ಎಂಟು ಗಂಟೆ ಹೊತ್ತು. ಕುರ್ಚಿ ಎಂಬುದು ಸೂಪರ್‌ವೈಸರಿಗೆ ಮಾತ್ರ. ಮೊಣಕಾಲಿನ ಕೆಳಗೆ ನರಗಳು ಉಬ್ಬಿ ಗಂಟುಗಂಟಾಗಿದ್ದವು. ನಿಲ್ಲುವ ಕೆಲಸ ಬಿಡು, ಇಲ್ಲದಿದ್ದರೆ ಹುಣ್ಣಾಗುತ್ತದೆ ಎಂದು ಡಾಕ್ಟರು ಎರಡು ಸಲ ಬೈದಿದ್ದರು. ಸಾಲ ತೀರಿದ ಮರುದಿನವೇ ಬಿಡುತ್ತೇನೆ ಎಂದು ಅವಳು ಎರಡು ಸಲವೂ ಹೇಳಿ ಬಂದಿದ್ದಳು. ಆಮೇಲೆ ಮುಂದಿನ ಕೋಣೆಯಲ್ಲಿ ಹೊಲಿಗೆ ಮಿಷನ್ ಹಾಕಿಕೊಂಡು, ಕೂತು ಮಾಡುವ ಕೆಲಸ. ಒಬ್ಬ ಹೆಂಗಸು ಕೇಳಿಕೊಂಡದ್ದು ಇಷ್ಟೇ ನೋಡಿ, ಕೂತುಕೊಳ್ಳುವುದು.

ಶನಿವಾರ ಬಾಗಲೂರು ರಸ್ತೆಯ ಆಫೀಸಿನಲ್ಲಿ ಕುರ್ಚಿ ಹಾಕಿದ್ದರು, ಮೈಕು ಕಟ್ಟಿದ್ದರು, ಬಾಗಿಲಿಗೆ ಕಬ್ಬು ನಿಲ್ಲಿಸಿದ್ದರು. ಗೋಡೆಯ ಮೇಲೆ ಒಂದು ನಗುವ ಸಂಸಾರದ ಚಿತ್ರ, ಅದರ ಕೆಳಗೆ ದಪ್ಪಕ್ಷರದಲ್ಲಿ ಹೊಸ ಗ್ರಾಹಕರಿಗೆ ಬಡ್ಡಿ ಒಂಬತ್ತೂವರೆ ಎಂದು ಬರೆದಿತ್ತು. ಮ್ಯಾನೇಜರ್ ಯತಿರಾಜ್, ಚೆನ್ನಾಗಿ ಇಸ್ತ್ರಿ ಮಾಡಿದ ಶರ್ಟಿನ ಚೆಲುವ, ಒಬ್ಬೊಬ್ಬರನ್ನೇ ಕರೆದು ಪೊನ್ನಾಡೆ ಹೊದಿಸಿ ತಮಿಳಿನಲ್ಲಿ ನಾಲ್ಕು ಒಳ್ಳೆಯ ಮಾತು ಆಡಿದ. ಜಗನ್, ಕೋಮಲಾ ಸರದಿ ಬಂದಾಗ ಅವನ ದನಿ ಇನ್ನೂ ಏರಿತು. ಇಂಥ ಪ್ರಾಮಾಣಿಕರು ಸಿಗುವುದಿಲ್ಲ, ಹನ್ನೆರಡು ವರ್ಷದಿಂದ ಇವರು ನಮ್ಮ ಕುಟುಂಬದವರು, ಇನ್ನೂ ಒಂಬತ್ತು ವರ್ಷ ನಮ್ಮ ಜೊತೆಗೇ ಇರುತ್ತಾರೆ, ಜೋರಾಗಿ ಚಪ್ಪಾಳೆ ತಟ್ಟಿ ಎಂದ.

ಎಲ್ಲರೂ ತಟ್ಟಿದರು. ಜಗನ್ ಕೂಡ ತಟ್ಟಿದ, ಪಾಪ, ತನ್ನ ಸಾಲಕ್ಕೆ ತಾನೇ. ಕೋಮಲಾ ಮಾತ್ರ ಆ ಒಂಬತ್ತು ಕೇಳಿ ತಟ್ಟಲಿಲ್ಲ. ಒಂದು ಎನ್ನಲು ಹೋಗಿ ಬಾಯಿ ತಪ್ಪಿರಬೇಕು ಎಂದುಕೊಂಡಳು. ಆದರೂ ಊಟಕ್ಕೆ ಎಲೆ ಹಾಕುವಷ್ಟರಲ್ಲಿ ಗಂಡನನ್ನು ಎಬ್ಬಿಸಿಕೊಂಡು ಮ್ಯಾನೇಜರನ ಕೋಣೆಗೆ ನುಗ್ಗಿದಳು.

"ಉಕ್ಕಾರುಂಗಮ್ಮಾ, ಕೂತ್ಕೊಳ್ಳಿ" ಎಂದು ಯತಿರಾಜ್ ಕುರ್ಚಿ ತೋರಿಸಿದ. ಅವನಿಗೆ ಕನ್ನಡವೂ ಚೆನ್ನಾಗಿಯೇ ಬರುತ್ತಿತ್ತು. ಜಗನ್ ಕೂತ. ಕೋಮಲಾ ಕೂರಲಿಲ್ಲ.

"ಸಾರ್, ಮೈಕ್‌ನಾಗೆ ಒಂಬತ್ತು ವರ್ಸ ಅಂದ್ರಲ್ಲ, ನಮ್ದು ಒಂದೇ ವರ್ಸ ಅಲ್ವಾ ಉಳ್ದಿರಾದು?"

ಅವನು ಕಂಪ್ಯೂಟರ್ ನೋಡಿದ. "ಒಂಬತ್ತೇ ಮೇಡಂ. ನೂರೆಂಟು ಕಂತು." ಆಮೇಲೆ ಮುಗುಳ್ನಕ್ಕು ಸೇರಿಸಿದ, "ಒಳ್ಳೇ ನಂಬರು. ನೂರೆಂಟು ಅಂದ್ರೆ ದೇವ್ರ ನಂಬರು."

ಕೇಳಿದಿರಾ ಇವನ ಭಕ್ತಿಯನ್ನು! ಕೋಮಲಾಗೆ ಅಲ್ಲಿಯೇ ಏನಾದರೂ ಎತ್ತಿ ಹೊಡೆಯಬೇಕೆನಿಸಿತು. "ಹದಿನೈದು ವರ್ಸ ಅಂತ ಸೈನ್ ಹಾಕಿಸ್ಕಂಡ್ರಿ. ಹನ್ನೆರಡು ಕಟ್ಟಿದ್ದೀವಿ. ಒಂಬತ್ತು ಎಲ್ಲಿಂದ ಬಂತು?"

ಯತಿರಾಜ್ ತಾಳ್ಮೆಯಿಂದ ವಿವರಿಸಿದ. ಅವನ ಮುಖದಲ್ಲಿ ಅಳುಕು ಎಳ್ಳಷ್ಟೂ ಇರಲಿಲ್ಲ, ಅದೇ ಅವಳಿಗೆ ಹೆಚ್ಚು ಉರಿಯಿತು. ನಿಮ್ಮದು ಏರಿಳಿಯುವ ಬಡ್ಡಿ. ಸಾಲ ತೆಗೆದಾಗ ಹತ್ತು ಇತ್ತು, ಏರಿ ಏರಿ ಈಗ ಹದಿಮೂರು. ಬಡ್ಡಿ ಏರಿದಾಗ ಕಂತು ಏರಿಸಿದರೆ ನಿಮಗೆ ಕಷ್ಟ ಆಗುತ್ತದೆಂದು ಕಂತು ಹಾಗೇ ಬಿಟ್ಟು ವರ್ಷ ಏರಿಸಿದ್ದೇವೆ. ನಿಮ್ಮ ಅನುಕೂಲಕ್ಕೇ ಮಾಡಿದ್ದು.

"ನಮ್ಮನ್ನ ಒಂದ್ ಮಾತು ಕೇಳಿದ್ರಾ?"

"ಮೆಸೇಜ್ ಕಳ್ಸಿದೀವಲ್ಲ ಸಾರ್‌ಗೆ."

ಕೋಮಲಾ ಗಂಡನ ಕಡೆ ತಿರುಗಿದಳು. ಜಗನ್ ನೆಲ ನೋಡಿದ. "ಇಂಗ್ಲೀಸಲ್ಲಿ ಬಂದಿತ್ತು ಕಣೆ. ಬಡ್ಡಿ ಏರ್‍ತು, ಕಂತು ಏರಿಲ್ಲ ಅಂತಿತ್ತು. ಒಳ್ಳೇದೇ ಆಯ್ತು ಅಂದ್ಕಂಡೆ. ನಿಂಗೂ ಹೇಳಿದ್ನಲ್ಲ."

ಹೇಳಿದ್ದ. ಅವಳಿಗೂ ನೆನಪಾಯಿತು. ಆ ದಿನ ಇಬ್ಬರೂ ಕಂಪನಿಯನ್ನು ಹೊಗಳಿದ್ದೇ ಹೊಗಳಿದ್ದು. ಬೇರೆಯವರೆಲ್ಲ ಕಂತು ಏರಿತೆಂದು ಬಾಯಿ ಬಡಿದುಕೊಳ್ಳುತ್ತಿದ್ದಾರೆ, ನಮ್ಮವರು ಎಷ್ಟು ಒಳ್ಳೆಯವರು ಎಂದು ಬಸ್ಸಿನಲ್ಲೆಲ್ಲ ಹೇಳಿದ್ದಳು. ಆ ಮಾತು ಕೇಳಿ ನಾರಾಯಣಮ್ಮ ಎಂಬುವಳು ಇದೇ ಕಂಪನಿಯಲ್ಲಿ ಸಾಲಕ್ಕೆ ಅರ್ಜಿ ಕೂಡ ಹಾಕಿದ್ದಳು.

"ಸರಿ, ಅಸಲು ಎಷ್ಟು ತೀರಿದೆ ಹೇಳಿ" ಎಂದಳು ಕೋಮಲಾ.

"ಅಸಲು ಇನ್ನೂ ಎಂಟು ಲಕ್ಷದ ಹತ್ತೊಂಬತ್ತು ಸಾವಿರ ಇದೆ ಮೇಡಂ."

ಜಗನ್ ತಲೆ ಎತ್ತಿದ. ಹನ್ನೆರಡು ಲಕ್ಷ ತೆಗೆದು ತಿಂಗಳ ಕಂತಿನಲ್ಲೇ ಹದಿನೆಂಟೂವರೆ ಲಕ್ಷ ಕಟ್ಟಿದ್ದರು. ಇನ್ನೂ ಎಂಟು ಲಕ್ಷದ ಮೇಲೆ ಬಾಕಿ. ಈ ಮಹಾರಾಯ ಹೇಳುವ ಹಾಗೆ ಒಂಬತ್ತು ವರ್ಷ ಕಟ್ಟಿದರೆ ಹನ್ನೆರಡು ಲಕ್ಷದ ಮನೆಗೆ ಮೂವತ್ತೆರಡೂವರೆ ಲಕ್ಷ ಸುರಿದ ಹಾಗಾಗುತ್ತದೆ. ಅಷ್ಟು ಸುರಿದರೂ ಅದು ಎರಡು ಕೋಣೆಯ ಮನೆಯೇ, ಮಳೆ ಬಂದರೆ ಅಡುಗೆಮನೆಯ ಮೂಲೆ ತೊಟ್ಟಿಕ್ಕುವ ಮನೆಯೇ.

"ಹಂಗಾದ್ರೆ ನಾನು ಕಟ್ಟಿದ ಬೋನಸ್ಸು? ವರ್ಸ ವರ್ಸ ಎರಡೆರಡು ಕಂತು ಬಾಲ ಕತ್ತರಿಸಿದ್ನಲ್ಲ, ಅದೇನಾಯ್ತು?"

"ಅದು ಎಲ್ಲೂ ಹೋಗಿಲ್ಲ" ಎಂದ ಯತಿರಾಜ್ ಸಂಭ್ರಮದಿಂದ. "ಮೂರು ಲಕ್ಷದ ಒಂಬತ್ತು ಸಾವಿರದ ಆರುನೂರು. ನೀವು ಕಂತಿಗೆ ಅಂತ ಕೊಟ್ರಿ, ಮುಂಗಡ ಅಂತ ಇಟ್ಕೊಂಡಿದೀವಿ. ಭದ್ರವಾಗಿದೆ."

"ಅದಕ್ಕೆ ಬಡ್ಡಿ?"

"ಮುಂಗಡಕ್ಕೆ ಬಡ್ಡಿ ಬರಲ್ಲ ಮೇಡಂ. ಅಸಲಿಗೆ ಹಾಕ್ಕೊಳ್ಳಿ ಅಂತ ಬರೆದುಕೊಟ್ಟಿದ್ರೆ ಅಸಲು ಇಳೀತಿತ್ತು. ನೀವು ಕೇಳ್ಲಿಲ್ಲ."

ಅಲ್ಲಿಗೆ ಮುಗಿಯಿತು. ಅವಳ ದುಡ್ಡು ಇವರ ಪೆಟ್ಟಿಗೆಯಲ್ಲಿ ಹನ್ನೆರಡು ವರ್ಷ ಬಿಟ್ಟಿ ಮಲಗಿದೆ. ಅದೇ ಪೆಟ್ಟಿಗೆಯಿಂದ ತಂದ ಸಾಲಕ್ಕೆ ಅವಳು ಹದಿಮೂರರ ಬಡ್ಡಿ ಕಟ್ಟುತ್ತ ನಿಂತಿದ್ದಾಳೆ. ಬಸ್ಸಿನ ಚೀಟಿ ನಡೆಸುವ ಓದುಬರಹ ಬಾರದ ಹೆಂಗಸು ಕೂಡ ಹೀಗೆ ಮಾಡುವುದಿಲ್ಲ. ಮಾಡಿದರೆ ಮರುದಿನ ಅವಳನ್ನು ಬಸ್ಸು ಹತ್ತಿಸುವುದಿಲ್ಲ.

"ಕೇಳ್ಲಿಲ್ಲ ಅಂತೀರಾ? ಹನ್ನೆರಡು ಸಲ ಬಂದು ಕಡೇ ಕಂತಿಗೆ ಅಂತ ಬಾಯಿ ಬುಟ್ಟು ಹೇಳಿದ್ದೀನಿ. ಸಾಲ ಬೇಗ ತೀರ್ಲಿ ಅಂತ ಈ ಯಮ್ಮ ದುಡ್ಡು ತತ್ತಾವ್ಳೆ ಅಂತ ನಿಮ್ಗೆ ಗೊತ್ತಾಗ್ಲಿಲ್ವಾ? ಗೊತ್ತಾಗಿ ಸುಮ್ನಿದ್ರಿ. ಹೊರಗೆ ಗೋಡೆ ಮ್ಯಾಲೆ ಒಂಬತ್ತೂವರೆ ಅಂತ ಬರ್‍ಕಂಡಿದ್ದೀರಿ. ನಿನ್ನೆ ಮೊನ್ನೆ ಬಂದೋರಿಗೆ ಒಂಬತ್ತೂವರೆ, ಹನ್ನೆರಡು ವರ್ಸ ನೆಟ್ಟಗೆ ಕಟ್ಟಿದೋರಿಗೆ ಹದಿಮೂರು! ನಿಮ್ಗೆ ಕಣ್ಣಲ್ಲಿ ರಕ್ತ ಇಲ್ವಾ ಸಾರ್?"

"ಕೋಮಲಾ, ಮೆಲ್ಲಗೆ ಮಾತಾಡೆ" ಎಂದ ಜಗನ್.

"ನೀವು ಸುಮ್ಕಿರಿ. ಮೆಲ್ಲಗೆ ಇದ್ದಿದ್ಕೇ ಇಷ್ಟಾಗಿರಾದು."

ಹಳೆಯವರಿಗೂ ಬಡ್ಡಿ ಇಳಿಸುವ ಅವಕಾಶ ಇದೆ ಎಂದು ಯತಿರಾಜ್ ಆಗ ಬಾಯಿ ಬಿಟ್ಟ. ಸಣ್ಣದೊಂದು ಫೀಸು ಕಟ್ಟಿದರೆ ಒಂಬತ್ತೂವರೆಗೆ ಇಳಿಸಬಹುದು. ಆದರೆ ಹೆಡ್ ಆಫೀಸಿಗೆ ಅರ್ಜಿ ಹೋಗಬೇಕು, ಮುಂಗಡ ಅಸಲಿಗೆ ಹೋಗಲು ಇನ್ನೊಂದು ಅರ್ಜಿ, ಹಬ್ಬ ಕಳೆಯಲಿ, ಮುಂದಿನ ತಿಂಗಳು ಬನ್ನಿ.

ಕೋಮಲಾ ಹೋಗಿ ಕೋಣೆಯ ಬಾಗಿಲನ್ನು ಅಗಲಕ್ಕೆ ತೆರೆದಳು. ಹೊರಗೆ ಎಲೆಯ ಮುಂದೆ ಕೂತವರ ಕೈ ನಿಂತಿತು. "ಅಲ್ಲಿ ಇನ್ನ ಒಂಬತ್ತು ಸಂಸಾರ ಪೊನ್ನಾಡೆ ಹೊದ್ಕಂಡು ಸಕ್ಕರೆ ಪೊಂಗಲ್ ತಿಂತಾವ್ರೆ. ಮೈಕು ಇನ್ನ ಬಿಚ್ಚಿಲ್ಲ. ನಂಗೆ ತಮಿಳೂ ಬತ್ತದೆ, ತೆಲುಗೂ ಬತ್ತದೆ. ಇವತ್ತೇ ಮಾಡ್ಕೊಡ್ತೀರೋ, ನಾನ್ ಹೋಗಿ ಒಬ್ಬೊಬ್ರಿಗೂ ಅವ್ರವ್ರ ಭಾಷೇಲಿ ಹೇಳ್ಲೋ?"

ಅವಳು ಹೇಳುವ ಅಗತ್ಯವೇ ಬೀಳಲಿಲ್ಲ. ಬಾಗಿಲಿನ ಹತ್ತಿರವೇ ಕೂತಿದ್ದ ಚಿನ್ನಪ್ಪ ಎಂಬ ಹಿರಿಯರು ಎಂಜಲು ಕೈಯಲ್ಲೇ ಎದ್ದು ಬಂದು ಹೊಸಿಲಲ್ಲಿ ನಿಂತರು. "ನಂದೂ ಒಸಿ ನೋಡಪ್ಪ, ಇನ್ನೆಷ್ಟು ವರ್ಸ ಅದೆ. ನಂಗೀಗ ಅರವತ್ತೆರಡು" ಎಂದರು. ಯತಿರಾಜ್ ಅವರ ಮುಖ ನೋಡಲಿಲ್ಲ. ಬೆವರು ಒರೆಸಿಕೊಂಡು ಹೆಡ್ ಆಫೀಸಿಗೆ ಫೋನ್ ಹಚ್ಚಿದ. ಒಂದು ತಿಂಗಳು ಹಿಡಿಯುವ ಕೆಲಸ, ಆಶ್ಚರ್ಯ ನೋಡಿ, ಎಲೆಯ ಮೇಲಿನ ಪೊಂಗಲ್ ಆರುವುದರೊಳಗೆ ಮುಗಿಯಿತು.

"ಹಿಂದಿನ ಹನ್ನೆರಡು ವರ್ಸದ ಬಡ್ಡಿ?" ಎಂದು ಕೋಮಲಾ ಕೇಳಿದಳು.

"ಅದು ಬರಲ್ಲ ಮೇಡಂ. ಸಿಸ್ಟಂ ಒಪ್ಪಲ್ಲ."

"ವರ್ಸ ಏರಿಸ್ವಾಗ ಒಪ್ಪಿತ್ತಲ್ಲ ನಿಮ್ ಸಿಸ್ಟಮ್ಮು?"

ಮುಂಗಡದ ದುಡ್ಡೆಲ್ಲ ಅಸಲಿಗೆ ಹೋಗಿ, ಬಡ್ಡಿ ಇಳಿದು, ಪರದೆಯ ಮೇಲೆ ಹೊಸ ಲೆಕ್ಕ ಬಂತು. ಯತಿರಾಜನ ಮುಖಕ್ಕೆ ಹಳೆಯ ನಗೆ ಮರಳಿತು.

"ನೋಡಿ, ಒಂಬತ್ತು ವರ್ಷ ಇದ್ದದ್ದು ನಾಲ್ಕಕ್ಕೆ ಇಳೀತು. ಖುಷಿಯಾಯ್ತಾ? ಪ್ರಿಂಟ್ ಬರೋಕೆ ಸ್ವಲ್ಪ ಹೊತ್ತಾಗುತ್ತೆ. ಉಕ್ಕಾರುಂಗಮ್ಮಾ, ಕೂತ್ಕೊಳ್ಳಿ, ಆಗ್ಲಿಂದ ನಿಂತೇ ಇದೀರಿ. ಕಾಫಿ ತರಿಸ್ತೀನಿ."

ನಾಲ್ಕು ವರ್ಷ. ಇವತ್ತು ಬೆಳಗ್ಗೆ ಮನೆ ಬಿಡುವಾಗ ಒಂದು ಇತ್ತು. ಕೋಮಲಾ ಸೀರೆಯ ನೆರಿಗೆಯ ಕೆಳಗಿನ ತನ್ನ ಕಾಲುಗಳನ್ನು ಒಮ್ಮೆ ನೋಡಿಕೊಂಡಳು. ಅಳು ಬರುವ ಹಾಗಿತ್ತು. ಇವನ ಮುಂದೆ ಅಳಬಾರದೆಂದು ಹಲ್ಲು ಕಚ್ಚಿದಳು.

"ಕುಂತ್ಕಳಾದು ಇನ್ನ ನಾಕು ವರ್ಸ ಆದ್ಮ್ಯಾಕೆ ಸಾರ್" ಎಂದಳು. "ನೀವು ಆ ಕಾಗ್ದ ಬೇಗ ಕೊಡಿ, ಚಿನ್ನಪ್ಪನೋರು ಕಾಯ್ತಾವ್ರೆ."

ಕುರ್ಚಿಯಲ್ಲಿದ್ದ ಜಗನ್ ಎದ್ದು ಬಂದು ಅವಳ ಪಕ್ಕದಲ್ಲಿ ನಿಂತ.